ಲೆಮ್ ಪಿಟ್ಕಿನ್‌ನ ಹಲ್ಲು ಹೋಯ್ತು, ಕಣ್ಣು ಹೋಯ್ತು: ಇದರಲ್ಲಿ ನಗೋದೇನಿದೆ?

ಪ್ರಶ್ನೆ: ಅಮೆರಿಕದ ಲೇಖಕ ನಥಾನಿಯೆಲ್ ವೆಸ್ಟ್ ಬರೆದ ‘ಎ ಕೂಲ್ ಮಿಲಿಯನ್’ ಓದಿದೆ. ಪಾಪದ ಹುಡುಗನಿಗೆ ಉದ್ದಕ್ಕೂ ಪೆಟ್ಟು. ಇದು ಬಡವರನ್ನು ಗೇಲಿ ಮಾಡುವ ಕಾದಂಬರಿ ಅಲ್ವಾ?

ಅಲ್ಲ. ಈ ಪುಸ್ತಕದ ಹೆಸರೆತ್ತಿದರೆ ಸಾಕು, ಯಾರಾದರೊಬ್ಬರು ಇದನ್ನೇ ಕೇಳುತ್ತಾರೆ. ಈ ಸಲ ಬಿಡಿಸಿ ಹೇಳಿಬಿಡುತ್ತೇನೆ.

ಕಾದಂಬರಿ ಬಂದದ್ದು 1934ರಲ್ಲಿ. ಅಮೆರಿಕದಲ್ಲಿ ಹೆಚ್ಚುಕಡಿಮೆ ನಾಲ್ವರಲ್ಲಿ ಒಬ್ಬರಿಗೆ ಕೆಲಸ ಇಲ್ಲದ ಕಾಲ ಅದು. ವರ್ಮಾಂಟಿನ ಹಳ್ಳಿ ಹುಡುಗ ಲೆಮ್‌ನ ಅಮ್ಮನ ಮನೆ ಅಡಮಾನದಲ್ಲಿದೆ. ಊರಿನ ಬ್ಯಾಂಕಿನ ಯಜಮಾನ ದೇಶದ ಮಾಜಿ ಅಧ್ಯಕ್ಷ ಬೇರೆ. ದುಡಿದರೆ ದೊಡ್ಡವನಾಗ್ತೀಯ ಅಂತ ಹುಡುಗನಿಗೆ ಉದ್ದ ಉಪದೇಶ ಕೊಡುತ್ತಾನೆ. ಆಮೇಲೆ ಹಸು ಅಡ ಇಟ್ಟುಕೊಂಡು, ಬಡ್ಡಿ ಮೊದಲೇ ಮುರಿದುಕೊಂಡು, 30 ಡಾಲರ್ ಸಾಲ ಕೊಡುತ್ತಾನೆ. ಗೇಲಿ ಯಾರದ್ದು ಅಂತ ಇಲ್ಲೇ ಗೊತ್ತಾಗಬೇಕು.

ಆದರೂ ಗೊತ್ತಾಗಲ್ಲ. ಯಾಕೆಂದರೆ ಒಂದು ಹಳೇ ನಂಬಿಕೆ ಅಡ್ಡ ಕೂತಿದೆ. ಹತ್ತೊಂಬತ್ತನೇ ಶತಮಾನದ ಅಮೆರಿಕದಲ್ಲಿ ಹುಡುಗರಿಗಾಗಿ ಬರೆಯುತ್ತಿದ್ದ ಹೊರೇಷಿಯೋ ಆಲ್ಜರ್‌ನ ಕತೆಗಳಲ್ಲಿ ಬೀದಿ ಹುಡುಗರು ಬರೀ ದುಡಿದು ಕೋಟ್ಯಧಿಪತಿಗಳಾದರು ಅನ್ನೋದು. ಆಲ್ಜರನ ಒಂದು ಪುಟ ಓದದವರೂ ಇದನ್ನು ಹೇಳುತ್ತಾರೆ. ವೆಸ್ಟ್ ಅಣಕಿಸಿದ್ದು ಅವನನ್ನೇ, ಹಾಗಾಗಿ ಅವನು ಏನು ಬರೆದ ನೋಡೋಣ.

1868ರ ‘ರ‍್ಯಾಗ್ಡ್ ಡಿಕ್’ ತೆಗೆಯಿರಿ. ಡಿಕ್ ನ್ಯೂಯಾರ್ಕಿನಲ್ಲಿ ಬೂಟ್ ಪಾಲಿಶ್ ಮಾಡುವ ಹುಡುಗ. ಪ್ರಾಮಾಣಿಕ. ದುಡ್ಡು ಉಳಿಸುತ್ತಾನೆ, ಓದು ಬರಹ ಕಲಿಯುತ್ತಾನೆ. ಎಲ್ಲ ಸರಿ. ಆದರೆ ಅವನಿಗೆ ಕೆಲಸ ಸಿಕ್ಕಿದ್ದು ಹೇಗೆ? ಬ್ರೂಕ್ಲಿನ್‌ಗೆ ಹೋಗುವ ದೋಣಿಯಿಂದ ಒಂದು ಮಗು ನೀರಿಗೆ ಬಿತ್ತು. ಡಿಕ್ ಹಾರಿ ಎತ್ತಿದ. ಮಗುವಿನ ಅಪ್ಪ ವ್ಯಾಪಾರಿ, ಅವನೇ ಕೆಲಸ ಕೊಟ್ಟ. ಬೇರೆ ಯಾರದಾದರೂ ಮಗು ಬಿದ್ದಿದ್ದರೆ ಡಿಕ್ ಮತ್ತೆ ಬ್ರಷ್ ಹಿಡಿಯುತ್ತಿದ್ದ. ಅದೂ ಎಂಥ ಕೆಲಸ? ವಾರಕ್ಕೆ 10 ಡಾಲರ್ ಸಂಬಳದ ಗುಮಾಸ್ತಿಕೆ! ಕೋಟಿ ಎಲ್ಲಿ ಬಂತು?

ಈಗ ವೆಸ್ಟ್ ಕಡೆ ಬನ್ನಿ. ಲೆಮ್ ಮಾಡದ ತಪ್ಪಿಗೆ ಜೈಲಿಗೆ ಹೋಗುತ್ತಾನೆ. ಅಲ್ಲಿ ಸೋಂಕು ತಗಲಬಾರದು ಅಂತ ಅವನ ಹಲ್ಲನ್ನೆಲ್ಲ ಕಿತ್ತು ಹಾಕುತ್ತಾರೆ. ಹೊರಗೆ ಬಂದ ಮೇಲೆ ಬೆದರಿ ಓಡುವ ಕುದುರೆಗಳನ್ನು ತಡೆದು ಒಬ್ಬ ಬ್ಯಾಂಕರ್‌ನನ್ನೂ ಅವನ ಮಗಳನ್ನೂ ಉಳಿಸುತ್ತಾನೆ. ಆಲ್ಜರ್ ಆಗಿದ್ದರೆ ಇಲ್ಲೇ ಅದೃಷ್ಟ ಖುಲಾಯಿಸುತ್ತಿತ್ತು. ಇಲ್ಲಿ ಏನಾಗುತ್ತದೆ? ಕುದುರೆ ಬಿಟ್ಟ ಬೇಜವಾಬ್ದಾರಿ ಆಳು ಇವನೇ ಅಂದುಕೊಂಡು ಬ್ಯಾಂಕರ್ ಬೈದು ಹೋಗುತ್ತಾನೆ. ಅವನಿಗೆ ಕಿವಿ ಮಂದ. ಇವನ ಕಟ್ಟಿಸಿದ ಹಲ್ಲು ಬಿದ್ದುಹೋಗಿದೆ, ಮಾತು ಹೊರಡುತ್ತಿಲ್ಲ. ಮೇಲಿಂದ ಒಂದು ಕಣ್ಣೂ ಹೋಗುತ್ತದೆ. ಅದೇ ದೃಶ್ಯ, ಅದೇ ಒಳ್ಳೆತನ, ಅದೃಷ್ಟವನ್ನು ಮಾತ್ರ ವೆಸ್ಟ್ ತೆಗೆದಿದ್ದಾನೆ. ಆಲ್ಜರನ ಎಷ್ಟೋ ವಾಕ್ಯಗಳನ್ನೂ ಹೆಚ್ಚುಕಮ್ಮಿ ಹಾಗೇ ಎತ್ತಿಕೊಂಡಿದ್ದಾನೆ. ಅಮ್ಮನ ಮನೆ? ಅದು ನ್ಯೂಯಾರ್ಕಿನ ಫಿಫ್ತ್ ಅವೆನ್ಯೂ ಅಂಗಡಿಯೊಂದರ ಗಾಜಿನ ಹಿಂದೆ ಪ್ರದರ್ಶನಕ್ಕಿದೆ.

ಯಾರೂ ಕೇಳದಿದ್ದರೂ ಇನ್ನೊಂದು ಹೇಳಬೇಕು: ವೆಸ್ಟ್‌ಗೆ ದುಡ್ಡು ಬಂತಾ? 1933ರಲ್ಲಿ ಅವನ ‘ಮಿಸ್ ಲೋನ್ಲಿಹಾರ್ಟ್ಸ್’ ಬಂದಾಗ ವಿಮರ್ಶೆಗಳು ಚೆನ್ನಾಗಿದ್ದವು. ಅದೇ ಹೊತ್ತಿಗೆ ಪ್ರಕಾಶಕರು ದಿವಾಳಿ. ಬಾಕಿ ಬರಲಿಲ್ಲ ಅಂತ ಮುದ್ರಕರು ಪ್ರತಿಗಳನ್ನೇ ಹಿಡಿದಿಟ್ಟುಕೊಂಡರು. ‘ಎ ಕೂಲ್ ಮಿಲಿಯನ್’ ಕೂಡ ಮಾರಾಟವಾಗಲಿಲ್ಲ. ಇದಕ್ಕೆಲ್ಲ ಮೊದಲು ಅವನ ಹೊಟ್ಟೆ ಹೊರೆದದ್ದು ನ್ಯೂಯಾರ್ಕಿನ ಹೋಟೆಲ್ ಮ್ಯಾನೇಜರ್ ಕೆಲಸ. ಖಾಲಿ ರೂಮುಗಳನ್ನು ಬರಹಗಾರ ಗೆಳೆಯರಿಗೆ ಕಮ್ಮಿ ಬಾಡಿಗೆಗೋ ಪುಕ್ಕಟೆಗೋ ಕೊಡುತ್ತಿದ್ದ. ಪತ್ತೇದಾರಿ ಕಾದಂಬರಿಕಾರ ಡ್ಯಾಶಿಯಲ್ ಹ್ಯಾಮೆಟ್ ‘ದ ಥಿನ್ ಮ್ಯಾನ್’ ಮುಗಿಸಿದ್ದು ಅಂಥ ಒಂದು ರೂಮಿನಲ್ಲೇ. ಅದು ಮಾತ್ರ ಭರ್ಜರಿಯಾಗಿ ಮಾರಾಟವಾಯಿತು.