ಗಾಡರ್ಡ್ ಲೀಬರ್‌ಸನ್: ಬ್ರಾಡ್‌ವೇ ನಾಟಕಗಳನ್ನು ಪ್ಲೇಟಿಗೆ ತಂದವರು

ನ್ಯೂಯಾರ್ಕಿನ ರಂಗಮಂದಿರಗಳ ಕೇಂದ್ರವಾದ ಬ್ರಾಡ್‌ವೇಯ ಸಂಗೀತ ನಾಟಕಗಳ ಬಗ್ಗೆ ಟಿಪ್ಪಣಿ ಮಾಡುವಾಗ ಸಂಗೀತ ಯಾರದು, ಹಾಡು ಬರೆದವರು ಯಾರು, ನಿರ್ದೇಶಕ ಯಾರು ಅಂತ ಬರೆದುಕೊಳ್ಳುತ್ತೇವೆ. ರೆಕಾರ್ಡ್ ನಿರ್ಮಾಪಕರ ಹೆಸರು ಬಿಟ್ಟೇ ಹೋಗುತ್ತದೆ. ಆದರೆ 1950ರ ದಶಕದ ಆ ಪ್ರದರ್ಶನಗಳನ್ನು ನಾವು ನೋಡಿದವರಲ್ಲ. ನಮಗೆ ಸಿಕ್ಕಿರುವುದು ರೆಕಾರ್ಡೇ ಅಲ್ವಾ? ಅದಕ್ಕೇ ರೆಕಾರ್ಡ್ ನಿರ್ಮಾಪಕ ಗಾಡರ್ಡ್ ಲೀಬರ್‌ಸನ್ ಬಗ್ಗೆ ಬಿಡಿಸಿ ಬರೆಯುತ್ತಿದ್ದೇನೆ.

ಹುಟ್ಟಿದ್ದು 1911ರಲ್ಲಿ, ಇಂಗ್ಲೆಂಡಿನ ಹ್ಯಾನ್ಲಿಯಲ್ಲಿ. ಚಿಕ್ಕಂದಿನಲ್ಲೇ ಕುಟುಂಬ ಅಮೆರಿಕದ ಸಿಯಾಟಲ್‌ಗೆ ಹೋಯಿತು. ಈಸ್ಟ್‌ಮನ್ ಸಂಗೀತ ಶಾಲೆಯಲ್ಲಿ ಓದಿದರು, ಸಂಗೀತ ಸಂಯೋಜನೆ ಮಾಡಿದರು, ಕಾದಂಬರಿಯನ್ನೂ ಬರೆದರು. ಆ ಕಾದಂಬರಿ 1952ರಲ್ಲಿ ಗ್ಲೋರಿಯಾ ಸ್ವಾನ್ಸನ್ ನಟಿಸಿದ ಸಿನಿಮಾ ಆಯಿತು. 1930ರ ದಶಕದ ಕೊನೆಗೆ ಕೊಲಂಬಿಯಾ ರೆಕಾರ್ಡ್ಸ್‌ನ ಶಾಸ್ತ್ರೀಯ ಸಂಗೀತ ವಿಭಾಗ ಸೇರಿದವರು 1956ರಲ್ಲಿ ಆ ಕಂಪನಿಯ ಅಧ್ಯಕ್ಷರೇ ಆದರು. ಇಷ್ಟೊಂದು ಬೇರೆ ಬೇರೆ ಕೆಲಸಗಳು ಚದುರಿಹೋದ ಹಾಗೆ ಕಾಣುತ್ತವೆ, ಆದರೆ ನನ್ನ ಪ್ರಕಾರ ಎಲ್ಲವೂ ಅವರ ರೆಕಾರ್ಡುಗಳಲ್ಲಿ ಬಂದು ಸೇರಿವೆ: ಸ್ವರಲಿಪಿ ಓದಬಲ್ಲ ಕಿವಿ, ಕಥೆ ಕಟ್ಟುವ ಅಭ್ಯಾಸ, ಜೊತೆಗೆ ದುಡ್ಡು ಹಾಕುವ ಅಧಿಕಾರ.

ಮೊದಲು ತಂತ್ರಜ್ಞಾನದ ವಿಷಯ. ನಿಮಿಷಕ್ಕೆ 78 ಸುತ್ತು ತಿರುಗುವ ಹಳೆಯ ಪ್ಲೇಟಿನ ಒಂದು ಬದಿಗೆ ನಾಲ್ಕೈದು ನಿಮಿಷ ಅಷ್ಟೇ ಹಿಡಿಯುತ್ತಿತ್ತು. 1948ರಲ್ಲಿ ಕೊಲಂಬಿಯಾ ಎಲ್‌ಪಿ (ಲಾಂಗ್ ಪ್ಲೇ, ಹೆಚ್ಚು ಹೊತ್ತು ಓಡುವ ಪ್ಲೇಟು) ತಂದಿತು, ಬದಿಗೆ 20 ನಿಮಿಷಕ್ಕೂ ಜಾಸ್ತಿ. ಇಡೀ ನಾಟಕದ ಹಾಡುಗಳನ್ನು ಒಂದೇ ಪ್ಲೇಟಿನಲ್ಲಿ ಸಾಲಾಗಿ ಕೇಳಬಹುದು ಅಂತಾಯಿತು. 1949ರ 'ಸೌತ್ ಪೆಸಿಫಿಕ್' ರೆಕಾರ್ಡು ಒಂದು ವರ್ಷಕ್ಕೂ ಹೆಚ್ಚು ಕಾಲ ಮಾರಾಟದಲ್ಲಿ ಮೊದಲ ಸ್ಥಾನದಲ್ಲಿತ್ತು.

ಈಗ ಮುಖ್ಯ ಮಾತು. ರಂಗದ ಮೇಲೆ ನಡೆದದ್ದನ್ನು ಸುಮ್ನೆ ಹಾಗೇ ಹಿಡಿದಿಟ್ಟರೆ ಸಾಲದು ಅನ್ನುವುದು ಲೀಬರ್‌ಸನ್ ಅವರ ನಿಲುವು. ಮನೆಯಲ್ಲಿ ಕೂತು ಕೇಳುವವರಿಗೆ ವೇಷ, ಬೆಳಕು, ಕುಣಿತ ಯಾವುದೂ ಕಾಣುವುದಿಲ್ಲ. ಹಾಗಾಗಿ ಅವರು ಉದ್ದದ ನೃತ್ಯ ಸಂಗೀತವನ್ನು ಮೊಟಕು ಮಾಡುತ್ತಿದ್ದರು, ಹಾಡಿನ ವೇಗ ಬದಲಿಸುತ್ತಿದ್ದರು, ವಾದ್ಯವೃಂದವನ್ನು ದೊಡ್ಡದು ಮಾಡುತ್ತಿದ್ದರು, ಹಾಡು ಯಾಕೆ ಹುಟ್ಟಿತು ಅಂತ ಗೊತ್ತಾಗಲು ಬೇಕಾದಷ್ಟು ಮಾತನ್ನು ಮಾತ್ರ ಉಳಿಸಿಕೊಳ್ಳುತ್ತಿದ್ದರು. ರೆಕಾರ್ಡಿಂಗ್ ಸಾಮಾನ್ಯವಾಗಿ ಭಾನುವಾರ, ನಟರಿಗೆ ನಾಟಕ ಇಲ್ಲದ ದಿನ. 'ವೆಸ್ಟ್ ಸೈಡ್ ಸ್ಟೋರಿ' 1957ರ ಸೆಪ್ಟೆಂಬರ್ 26ಕ್ಕೆ ಶುರುವಾಯಿತು, 29ಕ್ಕೆ ರೆಕಾರ್ಡಿಂಗ್ ಮುಗಿದೇ ಹೋಗಿತ್ತು. ಅದು ನಡೆದದ್ದು ನ್ಯೂಯಾರ್ಕಿನ 30ನೇ ಬೀದಿಯ ಸ್ಟುಡಿಯೋದಲ್ಲಿ. ಅದು ಮೊದಲು ಚರ್ಚ್ ಆಗಿತ್ತು, ಚಾವಣಿ ತುಂಬಾ ಎತ್ತರ. ಧ್ವನಿಯ ಸುತ್ತ ಕೇಳಿಸುವ ಆ ವಿಶಾಲತೆ ಕಟ್ಟಡದ ಕೊಡುಗೆ.

'ಪ್ಯಾಲ್ ಜೋಯಿ' ಇನ್ನೊಂದು ಒಳ್ಳೆಯ ಉದಾಹರಣೆ. 1940ರ ನಾಟಕ, ನಿಂತುಹೋಗಿ ವರ್ಷಗಳಾಗಿದ್ದವು. ಲೀಬರ್‌ಸನ್ ಸ್ಟುಡಿಯೋದಲ್ಲೇ ವಿವಿಯನ್ ಸೀಗಲ್ ಮತ್ತು ಹೆರಾಲ್ಡ್ ಲ್ಯಾಂಗ್ ಅವರಿಂದ ಹಾಡಿಸಿ ರೆಕಾರ್ಡ್ ಮಾಡಿದರು. ಅದು ಎಷ್ಟು ಮೆಚ್ಚುಗೆಯಾಯಿತೆಂದರೆ 1952ರಲ್ಲಿ ಅದೇ ಇಬ್ಬರೊಂದಿಗೆ ನಾಟಕ ಮತ್ತೆ ರಂಗಕ್ಕೆ ಬಂದು, ಮೊದಲ ಸಲಕ್ಕಿಂತ ಹೆಚ್ಚು ದಿನ ಓಡಿತು. ರೆಕಾರ್ಡು ನಾಟಕದ ಹಿಂದೆ ಬರುವುದು ವಾಡಿಕೆ, ಇಲ್ಲಿ ಮುಂದೆ ನಡೆದಿದೆ.

'ಮೈ ಫೇರ್ ಲೇಡಿ' ಕಥೆ ಎಲ್ಲರಿಗೂ ಗೊತ್ತು: ಲೀಬರ್‌ಸನ್ ಒಪ್ಪಿಸಿದ್ದರಿಂದ ಕೊಲಂಬಿಯಾದ ಮಾಲೀಕನಾಗಿದ್ದ ಪ್ರಸಾರ ಸಂಸ್ಥೆ ಸಿಬಿಎಸ್ಸೇ ನಾಟಕಕ್ಕೆ ಬಂಡವಾಳ ಹಾಕಿತು. ಆದರೆ ನನಗೆ ಅವರ ಮೇಲೆ ಗೌರವ ಹುಟ್ಟಿಸಿದ್ದು ಸೋತ ನಾಟಕಗಳು. 'ಕ್ಯಾಂಡಿಡ್' 73 ಪ್ರದರ್ಶನಕ್ಕೆ ನಿಂತಿತು, ರೆಕಾರ್ಡು ಅದನ್ನು ಉಳಿಸಿತು. ಸಂಗೀತ ಸಂಯೋಜಕ ಸ್ಟೀಫನ್ ಸಾಂಡ್‌ಹೈಮ್ ಅವರ 'ಎನಿವನ್ ಕ್ಯಾನ್ ವಿಸಲ್' 1964ರಲ್ಲಿ ಬರೀ 9 ಪ್ರದರ್ಶನ ಕಂಡಿತು. ಅದನ್ನು ರೆಕಾರ್ಡ್ ಮಾಡಲೇಬೇಕು ಅನ್ನುವ ಕರಾರು ಇರಲಿಲ್ಲ. ಆದರೂ ನಾಟಕ ಮುಚ್ಚಿದ ಮರುದಿನವೇ ಕಲಾವಿದರನ್ನು ಕೂರಿಸಿ ಮಾಡಿಸಿದರು. ಇವತ್ತು ಆ ಹಾಡುಗಳನ್ನು ನಾವು ಅಭ್ಯಾಸ ಮಾಡುತ್ತಿದ್ದೇವೆ ಅಂದರೆ ಅದಕ್ಕೆ ಆ ಒಂದು ದಿನದ ಕೆಲಸ ದೊಡ್ಡ ಕಾರಣ. ಕೊನೆಯ ದೊಡ್ಡ ಕೆಲಸ 1975ರ 'ಎ ಕೋರಸ್ ಲೈನ್', 1977ರಲ್ಲಿ ತೀರಿಕೊಂಡರು.

ಅಭ್ಯಾಸಕ್ಕೆ 'ಮೈ ಫೇರ್ ಲೇಡಿ'ಯ ಎರಡು ರೆಕಾರ್ಡುಗಳನ್ನು ಪಕ್ಕಪಕ್ಕದಲ್ಲಿ ಕೇಳಿ: 1956ರ ನ್ಯೂಯಾರ್ಕಿನ ಮೊನೊ (ಒಂದೇ ಧ್ವನಿವಾಹಿನಿ), 1959ರ ಲಂಡನ್ನಿನ ಸ್ಟೀರಿಯೊ (ಎಡ-ಬಲ ಎರಡು ವಾಹಿನಿ). ಎರಡರಲ್ಲೂ ನಾಯಕ-ನಾಯಕಿಯಾಗಿ ರೆಕ್ಸ್ ಹ್ಯಾರಿಸನ್, ಜೂಲಿ ಆಂಡ್ರ್ಯೂಸ್ ಅವರೇ ಇದ್ದಾರೆ. ಹ್ಯಾರಿಸನ್ ಹಾಡನ್ನು ಎಲ್ಲಿ ಮಾತಿನಂತೆ ಬಿಡುತ್ತಾರೆ, ಎಲ್ಲಿ ಶ್ರುತಿ ಹಿಡಿಯುತ್ತಾರೆ ಅಂತ ಗುರುತು ಹಾಕಿಕೊಳ್ಳುತ್ತಾ ಹೋಗಿ. ಎರಡರ ವ್ಯತ್ಯಾಸ ಮೊದಲ ಕೆಲವು ಹಾಡುಗಳಲ್ಲೇ ಸಿಗುತ್ತದೆ.