ಕಾಲೇಜಲ್ಲಿ ಕೋಟಾ ಇದೆ, ಒಂದನೇ ಕ್ಲಾಸಿಗೆ ಸೇರಿಸ್ಕೊಳ್ಳೋರಿಲ್ಲ

ನಮ್ಮಕ್ಕನ ಮಗನಿಗೆ ಎರಡೂ ಕಿವಿಗೆ ಹಿಯರಿಂಗ್ ಏಡ್. ಮನೆ ಹತ್ರದ ಒಂದು ಪ್ರೈವೇಟ್ ಸ್ಕೂಲಿಗೆ ಒಂದನೇ ಕ್ಲಾಸಿಗೆ ಸೇರಿಸೋಕೆ ಹೋದಾಗ ನಾನೂ ಜೊತೇಲಿದ್ದೆ. ಆಫೀಸಲ್ಲಿದ್ದ ಮೇಡಂ ಫಾರಂ ನೋಡ್ಲಿಲ್ಲ, ಮಗು ಕಿವಿ ನೋಡಿದ್ರು, "ಪಾಪ, ಇವನಿಗೆ ಸ್ಪೆಷಲ್ ಸ್ಕೂಲೇ ಒಳ್ಳೇದು, ನಮ್ಮ ಟೀಚರ್ಸ್‌ಗೆ ಟ್ರೇನಿಂಗ್ ಆಗಿಲ್ಲ" ಅಂದ್ರು. ಅಂಗವಿಕಲ ಮಕ್ಕಳಿಗೆ ಕೋಟಾ ಇದೆಯಲ್ವಾ ಅಂತ ಅಕ್ಕ ಕೇಳಿದ್ಳು. "ಅದು ಗೌರ್ಮೆಂಟ್ ಸ್ಕೂಲಿಗಮ್ಮ" ಅಂದ್ರು. ಆ ಮಾತು ನಿಜಾನಾ ಅಂತ ಹುಡುಕ್ತಾ ಹೋದಾಗ ಗೊತ್ತಾಗಿದ್ದನ್ನ ಇಲ್ಲಿ ಬರೀತಿದೀನಿ.

ಶುರುವಾಗಿದ್ದು 1995ರ ಅಂಗವಿಕಲರ ಕಾಯ್ದೆಯಿಂದ. ಅದರ 39ನೇ ಸೆಕ್ಷನ್ ಪ್ರಕಾರ ಸರ್ಕಾರಿ ಮತ್ತೆ ಅನುದಾನಿತ ಶಿಕ್ಷಣ ಸಂಸ್ಥೆಗಳು ಕನಿಷ್ಠ ಶೇ. 3ರಷ್ಟು ಸೀಟು ಅಂಗವಿಕಲರಿಗೆ ಮೀಸಲಿಡ್ಬೇಕು. ಆದ್ರೆ ಈ ಸೆಕ್ಷನ್ನನ್ನ ಶಿಕ್ಷಣದ ಅಧ್ಯಾಯದಲ್ಲಿ ಇಡದೆ ಉದ್ಯೋಗದ ಅಧ್ಯಾಯದಲ್ಲಿ ಇಟ್ಟುಬಿಟ್ರು! ಅಷ್ಟೇ ಸಾಕಾಯ್ತು, ಇದು ಕೆಲಸಕ್ಕೆ ಸಂಬಂಧಪಟ್ಟಿದ್ದು, ಅಡ್ಮಿಷನ್‌ಗಲ್ಲ ಅಂತ ವಾದ ಹುಟ್ಕೊಳ್ತು. ಕೇರಳದಲ್ಲಿ ಕಿವಿ ಕೇಳದ ಮಕ್ಕಳ ಅಪ್ಪ ಅಮ್ಮಂದಿರ ಸಂಘದವರು ಸುಪ್ರೀಂ ಕೋರ್ಟ್‌ವರೆಗೂ ಹೋದ್ರು, 2002ರಲ್ಲಿ ಕೋರ್ಟು ಇದು ಸೀಟಿನ ಮೀಸಲಾತಿನೇ ಅಂತ ಹೇಳ್ತು. ಕಾಯ್ದೆಯಲ್ಲಿ ಸ್ಪಷ್ಟವಾಗಿ ಬರೆದಿದ್ದ ಒಂದು ವಾಕ್ಯಕ್ಕೆ ಹೆತ್ತವರು ಇಷ್ಟು ಅಲೀಬೇಕಾಯ್ತು ಅನ್ನೋದು ನಂಗೆ ಈಗಲೂ ಹೊಟ್ಟೆ ಉರಿಸುತ್ತೆ.

ಆಮೇಲೆ ಆರ್‌ಟಿಇ, ಅಂದ್ರೆ ಶಿಕ್ಷಣ ಹಕ್ಕು ಕಾಯ್ದೆ ಬಂತು, 2010ರ ಏಪ್ರಿಲ್ 1ರಿಂದ ಜಾರಿ. ಖಾಸಗಿ ಶಾಲೆಗಳಲ್ಲಿ ಒಂದನೇ ಕ್ಲಾಸಿನ ಶೇ. 25 ಸೀಟು ದುರ್ಬಲ ವರ್ಗ, ಅವಕಾಶವಂಚಿತ ಗುಂಪಿನ ಮಕ್ಕಳಿಗೆ ಅಂತ. ಆ ಅವಕಾಶವಂಚಿತರ ಪಟ್ಟಿಯಲ್ಲಿ ಅಂಗವಿಕಲ ಮಕ್ಕಳ ಹೆಸರೇ ಇರ್ಲಿಲ್ಲ, 2012ರ ತಿದ್ದುಪಡಿಯಲ್ಲಿ ಸೇರಿಸಿದ್ರು. ಆದ್ರೆ ನಮ್ಮ ಕರ್ನಾಟಕದಲ್ಲಿ 2019ರಲ್ಲಿ ನಿಯಮ ಬದಲಾಯ್ತು, ಅಕ್ಕಪಕ್ಕದಲ್ಲಿ ಸರ್ಕಾರಿ ಅಥವಾ ಅನುದಾನಿತ ಶಾಲೆ ಇದ್ರೆ ಖಾಸಗಿ ಶಾಲೆಲಿ ಆರ್‌ಟಿಇ ಸೀಟಿಲ್ಲ ಅಂತ ಆಯ್ತು. ಹೈಕೋರ್ಟೂ ಅದನ್ನ ಎತ್ತಿಹಿಡೀತು. ಬೇರೆ ಮಕ್ಕಳ ಜೊತೆ ಅಂಗವಿಕಲ ಮಕ್ಕಳಿಗೂ ಆ ಬಾಗಿಲು ಹೆಚ್ಚುಕಮ್ಮಿ ಮುಚ್ಕೊಳ್ತು.

1995ರದ್ದರ ಜಾಗದಲ್ಲಿ ಈಗ ಇರೋದು 2016ರ ಅಂಗವಿಕಲರ ಕಾಯ್ದೆ, 2017ರ ಏಪ್ರಿಲ್ 19ರಿಂದ ಜಾರಿ. ಏಳಿದ್ದ ವೈಕಲ್ಯಗಳು 21 ಆದವು, ಶೇ. 3 ಇದ್ದಿದ್ದು ಶೇ. 5 ಆಯ್ತು, ವಯಸ್ಸಲ್ಲಿ ಐದು ವರ್ಷ ಸಡಿಲಿಕೆನೂ ಬಂತು. ಎಲ್ಲರೂ ಖುಷಿಪಟ್ರು, ನಾನೂ. ಆದ್ರೆ 32ನೇ ಸೆಕ್ಷನ್ ಸರಿಯಾಗಿ ಓದಿ, ಶೇ. 5 ಇರೋದು ಉನ್ನತ ಶಿಕ್ಷಣಕ್ಕೆ ಮಾತ್ರ, ಅದೂ ಸರ್ಕಾರಿ ಮತ್ತೆ ಅನುದಾನಿತ ಸಂಸ್ಥೆಗಳಲ್ಲಿ, ಅದೂ ಶೇ. 40ಕ್ಕಿಂತ ಕಮ್ಮಿ ಇಲ್ಲದ ವೈಕಲ್ಯ ಅಂತ ಸರ್ಟಿಫಿಕೇಟ್ ಇದ್ರೆ. ಹಳೇ ಕಾಯ್ದೆಲಿ ಶಾಲೆನೂ ಸೇರಿತ್ತು, ಹೊಸದರಲ್ಲಿ ಶಾಲೆ ಕೋಟಾದಿಂದ ಹೊರಗೆ ಹೋಯ್ತು. ಶಾಲೆ ಮಕ್ಕಳಿಗೆ ಕೊಟ್ಟಿರೋದು 31ನೇ ಸೆಕ್ಷನ್ನು, 6ರಿಂದ 18 ವರ್ಷದವರೆಗೆ ಉಚಿತ ಶಿಕ್ಷಣ, ಹತ್ತಿರದ ಶಾಲೆ ಬೇಕಾ ವಿಶೇಷ ಶಾಲೆ ಬೇಕಾ ಅನ್ನೋ ಆಯ್ಕೆ ಮಗುವಿಂದು. ಶಾಲೆಯದ್ದಲ್ಲ.

ಇನ್ನೊಂದು ಇದೆ, ತುಂಬಾ ಜನಕ್ಕೆ ಗೊತ್ತೇ ಇಲ್ಲ. 16ನೇ ಸೆಕ್ಷನ್ನು. ಸರ್ಕಾರದಿಂದ ದುಡ್ಡು ಪಡೆಯೋ ಅಥವಾ ಬರೀ ಮಾನ್ಯತೆ ಪಡೆದಿರೋ ಶಾಲೆಗಳೂ ತಾರತಮ್ಯ ಮಾಡದೆ ಸೇರಿಸ್ಕೊಳ್ಳೋ ಹಾಗೆ ನೋಡ್ಕೊಳ್ಳೋಕೆ ಸರ್ಕಾರ ಪ್ರಯತ್ನಪಡ್ಬೇಕು ಅನ್ನುತ್ತೆ. ಮಾನ್ಯತೆ ಅಂದ್ಮೇಲೆ ಪ್ರೈವೇಟೂ ಬಂತು. ಹಾಗಾಗಿ ಪ್ರೈವೇಟ್ ಸ್ಕೂಲಿಗೆ ಕೋಟಾ ಇಲ್ಲ ಅನ್ನೋ ಮಟ್ಟಿಗೆ ಮೇಡಂ ಹೇಳಿದ್ದು ಸರಿ ಇರಬಹುದು, ಆದ್ರೆ ಕೋಟಾ ಇಲ್ಲ ಅನ್ನೋ ಕಾರಣಕ್ಕೆ ಮಗೂನ ವಾಪಸ್ ಕಳಿಸೋ ಹಕ್ಕು ಅವರಿಗಿರ್ಲಿಲ್ಲ. ಇದು ಆವತ್ತೇ ಗೊತ್ತಿದ್ದಿದ್ರೆ "ಸೇರಿಸ್ಕೊಳ್ಳಲ್ಲ ಅಂತ ಬರೆದುಕೊಡಿ" ಅಂತಿದ್ವಿ, ಆ ಚೀಟಿ ಹಿಡ್ಕೊಂಡು ವಿಕಲಚೇತನರ ರಾಜ್ಯ ಆಯುಕ್ತರ ಹತ್ರ ಹೋಗ್ಬಹುದು.

ಟ್ರೇನಿಂಗ್ ಇಲ್ಲ ಅನ್ನೋದೂ ಪೂರ್ತಿ ಸುಳ್ಳಲ್ಲ. ಪ್ರೈಮರೀಲಿ ಇಂಥ 10 ಮಕ್ಕಳಿಗೆ ಒಬ್ರು, ದೊಡ್ಡ ಕ್ಲಾಸುಗಳಲ್ಲಿ 15 ಮಕ್ಕಳಿಗೆ ಒಬ್ರು ಸ್ಪೆಷಲ್ ಟೀಚರ್ ಇರ್ಬೇಕು ಅಂತ 2021ರಲ್ಲಿ ಸುಪ್ರೀಂ ಕೋರ್ಟೇ ಹೇಳಿದೆ, ನಾನು ನೋಡಿದ ಯಾವ ಶಾಲೆಲೂ ಒಬ್ರೂ ಕಾಣ್ಲಿಲ್ಲ. ಒಂದನೇ ಕ್ಲಾಸಲ್ಲೇ ಮಗು ಹೊರಗುಳಿದ್ರೆ ಹನ್ನೆರಡು ವರ್ಷ ಆದ್ಮೇಲೆ ಕಾಲೇಜಿನ ಆ ಶೇ. 5 ಸೀಟಿಗೆ ಯಾರು ಬರ್ತಾರೆ?

ಅವನೀಗ ಗೌರ್ಮೆಂಟ್ ಸ್ಕೂಲಲ್ಲಿ ನಾಕನೇ ಕ್ಲಾಸು. ಬೋರ್ಡ್ ಕಡೆ ತಿರುಗಿ ಮಾತಾಡಿದ್ರೆ ಅವನಿಗೆ ತುಟಿ ಕಾಣಲ್ಲ ಅಂತ ಅಕ್ಕ ಒಂದ್ಸಲ ಹೇಳಿದ್ಳು, ಅವತ್ತಿಂದ ಅವರ ಟೀಚರ್ರು ಮೊದಲು ಬರೆದು, ಆಮೇಲೆ ಮಕ್ಕಳ ಕಡೆ ತಿರುಗಿ ಹೇಳ್ತಾರೆ. ಕಿಟಕಿ ಬೆಳಕು ಟೀಚರ್ ಮುಖದ ಮೇಲೆ ಬೀಳ್ಲಿ ಅಂತ ಅವನನ್ನ ಮೊದಲ ಬೆಂಚಲ್ಲಿ ಕಿಟಕಿಗೆ ಬೆನ್ನು ಹಾಕಿ ಕೂರಿಸ್ತಾರೆ. ಆ ಟೀಚರ್ಗೂ ಯಾವ ಟ್ರೇನಿಂಗೂ ಆಗಿಲ್ಲ.