ಇಪ್ಪತ್ತಕ್ಕೊಂದು: ಗಳಿಕೆ ರಜೆಯ ಲೆಕ್ಕ ನಡೆದು ಬಂದ ದಾರಿ

ಸರ್ಕಾರಿ ನೌಕರರ ಹಳೆಯ ನಿಯಮದಲ್ಲಿ ಗಳಿಕೆ ರಜೆ (ದುಡಿಮೆಯಿಂದ ಗಳಿಸುವ ಸಂಬಳಸಹಿತ ರಜೆ) ಎಂದರೆ ಕರ್ತವ್ಯದ ಅವಧಿಯ ಹನ್ನೊಂದನೇ ಒಂದು ಪಾಲು. ಹನ್ನೊಂದು ತಿಂಗಳು ದುಡಿದರೆ ಹನ್ನೆರಡನೆಯದು ರಜೆ. ಈಗ ಆ ಭಾಗಾಕಾರವಿಲ್ಲ. ಜನವರಿ 1ಕ್ಕೆ 15, ಜುಲೈ 1ಕ್ಕೆ 15 ದಿನ ಮುಂಗಡವಾಗಿಯೇ ಖಾತೆಗೆ ಬೀಳುತ್ತವೆ. ಕಾರ್ಖಾನೆಯಲ್ಲಿ ಹಾಗಲ್ಲ, ಮೊದಲು ದುಡಿಮೆ, ಆಮೇಲೆ ರಜೆ.

1936ರಲ್ಲಿ ಅಂತಾರಾಷ್ಟ್ರೀಯ ಕಾರ್ಮಿಕ ಸಂಘಟನೆಯ ಒಡಂಬಡಿಕೆ ವರ್ಷಕ್ಕೆ ಆರು ಕೆಲಸದ ದಿನಗಳ ಸಂಬಳಸಹಿತ ರಜೆ ಕೇಳಿತ್ತು. ನಮ್ಮಲ್ಲಿ ಅದು ಬಂದದ್ದು ಆಗಿನ ಕಾರ್ಖಾನೆಗಳ ಕಾಯ್ದೆಗೆ 1945ರಲ್ಲಿ ತಂದ ತಿದ್ದುಪಡಿಯಲ್ಲಿ: ವರ್ಷವಿಡೀ ಸತತ ಸೇವೆ ಮುಗಿಸಿದ ವಯಸ್ಕ ಕಾರ್ಮಿಕನಿಗೆ ಹತ್ತು ದಿನ. ಎಷ್ಟು ದಿನ ದುಡಿದ ಎಂಬ ಪ್ರಶ್ನೆ ಅಲ್ಲಿರಲಿಲ್ಲ. ದುಡಿದ ಪ್ರತಿ 20 ದಿನಕ್ಕೆ ಒಂದು ದಿನ ಎಂಬ ದರ ತಂದದ್ದು 1948ರ ಕಾರ್ಖಾನೆಗಳ ಕಾಯ್ದೆ. ಆದರೂ ಹನ್ನೆರಡು ತಿಂಗಳ ಸತತ ಸೇವೆಯ ಷರತ್ತು ಉಳಿಯಿತು. 1954ರಲ್ಲಿ ಅದನ್ನು ತೆಗೆದು, ಕ್ಯಾಲೆಂಡರ್ ವರ್ಷದಲ್ಲಿ 240 ದಿನ ಎಂಬ ಹೊಸ ಅರ್ಹತೆ ಇಟ್ಟರು.

ಎಡವಟ್ಟುಗಳು ಶುರುವಾದದ್ದು ಈ 240ರಿಂದಲೇ. 2025ರ ನವೆಂಬರ್‌ವರೆಗೆ ನಡೆದ ಈ ಪದ್ಧತಿಯಲ್ಲಿ ಲೆಕ್ಕ ಒಂದಲ್ಲ, ಎರಡು. ಅರ್ಹತೆ ನೋಡುವಾಗ ದುಡಿದ ದಿನಗಳ ಜೊತೆಗೆ ಲೇ-ಆಫ್ ದಿನಗಳು (ಕೆಲಸ ಕೊಡಲಾಗದೆ ಆಡಳಿತ ತಾತ್ಕಾಲಿಕವಾಗಿ ಹೊರಗಿಟ್ಟ ದಿನಗಳು), 12 ವಾರದವರೆಗಿನ ಹೆರಿಗೆ ರಜೆ, ಹಿಂದಿನ ವರ್ಷದ ಗಳಿಕೆಯಿಂದ ಪಡೆದ ರಜೆ ಎಲ್ಲವನ್ನೂ ಸೇರಿಸಬೇಕಿತ್ತು. 20ರಿಂದ ಭಾಗಿಸುವಾಗ ಮಾತ್ರ ದುಡಿದ ದಿನಗಳಷ್ಟೇ. 214 ದಿನ ದುಡಿದು, 18 ದಿನ ಲೇ-ಆಫ್ ಆಗಿ, 12 ದಿನ ಗಳಿಕೆ ರಜೆ ಪಡೆದವರನ್ನು ನೋಡಿ. ಒಟ್ಟು 244, ಅರ್ಹರು. ರಜೆ 214ನ್ನು 20ರಿಂದ ಭಾಗಿಸಿದರೆ 10.7. ಅರ್ಧ ದಿನ ಅಥವಾ ಹೆಚ್ಚು ಉಳಿದರೆ ಪೂರ್ತಿ ದಿನ, ಹಾಗಾಗಿ 11. ಹಾಜರಿ ಪುಸ್ತಕದ 214 ಮಾತ್ರ ನೋಡಿದ ಗುಮಾಸ್ತ ಸೊನ್ನೆ ಬರೆಯುತ್ತಿದ್ದ. 244ನ್ನೇ ಭಾಗಿಸಿದವನು 12 ಕೊಡುತ್ತಿದ್ದ. ಇಬ್ಬರದೂ ತಪ್ಪು, ಆದರೆ ಮೊದಲನೆಯದಕ್ಕೆ ಬೆಲೆ ತೆರುತ್ತಿದ್ದದ್ದು ಕಾರ್ಮಿಕ.

1948ರ ಕಾಯ್ದೆಯಲ್ಲಿ ನಡುವರ್ಷ ಸೇರಿದವರಿಗೆ 240ರ ಮಾತಿರಲಿಲ್ಲ. ಉಳಿದ ದಿನಗಳ ಮೂರನೇ ಎರಡರಷ್ಟು ದುಡಿದಿರಬೇಕಿತ್ತು. ಜುಲೈ 1ಕ್ಕೆ ಸೇರಿದರೆ ಉಳಿದದ್ದು 184 ದಿನ, ಅಂದರೆ 123 ದಿನ ದುಡಿದರೆ ಸಾಕಿತ್ತು.

ಬಳಸದ ರಜೆಯಲ್ಲಿ 30 ದಿನದವರೆಗೆ ಮುಂದಿನ ವರ್ಷಕ್ಕೆ ಹೋಗುತ್ತದೆ. ನಿಯಮದಂತೆ ಅರ್ಜಿ ಹಾಕಿಯೂ ಆಡಳಿತ ಕೊಡದಿದ್ದರೆ ಆ ರಜೆಗೆ ಈ ಮಿತಿ ತಾಗದು. ಅರ್ಜಿಯ ಪ್ರತಿ ಇಟ್ಟುಕೊಳ್ಳಿ ಎನ್ನುವುದು ಅದಕ್ಕೇ. ರಜೆಯ ನಡುವೆ ಅಥವಾ ಅಂಚಿಗೆ ಬರುವ ಭಾನುವಾರ, ಹಬ್ಬಗಳನ್ನು ಕಾರ್ಖಾನೆಯಲ್ಲಿ ಗಳಿಕೆ ರಜೆಯ ದಿನಗಳೆಂದು ಎಣಿಸುವಂತಿಲ್ಲ.

ಇನ್ನು ರಜೆ ಖಾತೆ ಇಡುವ ಸಾಫ್ಟ್‌ವೇರ್‌ನ ಲೆಕ್ಕ. ತಿಂಗಳಿಗೆ 1.25 ದಿನ ಎಂದು ತುಂಬಿಸುವುದು ಅನುಕೂಲವೇನೋ ಹೌದು. ಆದರೆ ವರ್ಷಕ್ಕೆ 15 ದಿನ ಎಂದರೆ 300 ದಿನ ದುಡಿದಂತೆ. ವಾರಕ್ಕೆ ಐದೇ ದಿನ ನಡೆಯುವ ಕಡೆ ವರ್ಷಕ್ಕೆ ಸಿಗುವುದೇ 260 ದಿನ. ಹಬ್ಬದ ರಜೆ ಹತ್ತು ಕಳೆದರೆ 250. ಅಲ್ಲಿ ಹನ್ನೊಂದು-ಹನ್ನೆರಡು ದಿನ ಕಾಯಿಲೆ ಬಿದ್ದರೂ 240 ಕೈತಪ್ಪಬಹುದಿತ್ತು.

2020ರ ಔದ್ಯೋಗಿಕ ಸುರಕ್ಷತೆ, ಆರೋಗ್ಯ ಮತ್ತು ಕೆಲಸದ ಸ್ಥಿತಿಗತಿಗಳ ಸಂಹಿತೆ ಈ ಮಿತಿಯನ್ನು 180ಕ್ಕೆ ಇಳಿಸಿತು. ಅದು ಜಾರಿಗೆ ಬಂದದ್ದು 2025ರ ನವೆಂಬರ್ 21ರಂದು. ದರ ಬದಲಾಗಿಲ್ಲ, 20ಕ್ಕೆ ಒಂದೇ. ಆದರೆ 200 ದಿನ ದುಡಿದು, ಸೇರಿಸಿಕೊಳ್ಳಲು ಬೇರೆ ದಿನಗಳಿಲ್ಲದವರಿಗೆ ಹಳೆಯ ಲೆಕ್ಕದಲ್ಲಿ ಏನೂ ಸಿಗುತ್ತಿರಲಿಲ್ಲ. ಈಗ 10 ದಿನ ಸಿಗುತ್ತದೆ.

ಕೆಲಸ ಬಿಡುವಾಗಿನ ಲೆಕ್ಕಕ್ಕೆ ಮಾತ್ರ 1948ರ ಕಾಯ್ದೆಯಲ್ಲೂ ಈ ಅರ್ಹತೆಯ ಅಡ್ಡಿ ಇರಲಿಲ್ಲ. 60 ದಿನ ದುಡಿದು ರಾಜೀನಾಮೆ ಕೊಟ್ಟವರಿಗೂ 3 ದಿನದ ರಜೆ ಸಂಬಳ ಸೇರಬೇಕು, ಅದೂ ಕೆಲಸ ಬಿಟ್ಟ ಮೇಲಿನ ಎರಡನೇ ಕೆಲಸದ ದಿನ ಮುಗಿಯುವುದರೊಳಗೆ. ಅಂತಿಮ ಲೆಕ್ಕದ ಚೀಟಿಯಲ್ಲಿ ಮೊದಲು ಬಿಟ್ಟುಹೋಗುವ ಸಾಲು ಇದೇ.